ಚಾರ್ಲ್ಸ್ ಡಬ್ಲ್ಯೂ. ಮಾರ್ಗನ್: ಡೆಕ್ ಬಿಡಿ, ಒಡಲಿಗಿಳಿಯಿರಿ

ಅಮೆರಿಕದ ಕನೆಕ್ಟಿಕಟ್‌ನಲ್ಲಿರುವ ಮಿಸ್ಟಿಕ್ ಸೀಪೋರ್ಟ್ ಮ್ಯೂಸಿಯಂಗೆ ಹೋಗಿ, ಈ ಹಳೆಯ ತಿಮಿಂಗಿಲ ಬೇಟೆ ಹಡಗಿನ ಹಾಯಿಕಂಬಗಳ ಕೆಳಗೆ ಫೋಟೋ ತೆಗೆಸಿಕೊಂಡು ವಾಪಸಾದರೆ ಟಿಕೆಟ್ ದುಡ್ಡು ಅರ್ಧ ದಂಡ. ಅಸಲಿ ಕೆಲಸ ಕಾಣುವುದು ಒಡಲೊಳಗೆ.

1841ರಲ್ಲಿ ನ್ಯೂ ಬೆಡ್‌ಫರ್ಡ್‌ನಲ್ಲಿ ನೀರಿಗಿಳಿದ ಮಾರ್ಗನ್, 1921ರವರೆಗೆ 37 ಸಲ ತಿಮಿಂಗಿಲ ಬೇಟೆಗೆ ಹೋಗಿಬಂತು. ಉದ್ದ 113 ಅಡಿ. ಅಮೆರಿಕದ ಮರದ ಬೇಟೆ ಹಡಗುಗಳಲ್ಲಿ ಉಳಿದಿರುವುದು ಇದೊಂದೇ. ಡೆಕ್ ಮೇಲೆ ಇಟ್ಟಿಗೆ ಒಲೆಯ ಮುಂದೆ ಮಾತ್ರ ಸ್ವಲ್ಪ ನಿಲ್ಲಿ. ತಿಮಿಂಗಿಲದ ಕೊಬ್ಬು ಕರಗಿಸುವ ಎರಡು ಹಂಡೆ, ಅಡಿಯಲ್ಲಿ ನೀರಿನ ತೊಟ್ಟಿ. ಆ ನೀರು ಆರಿದರೆ ಡೆಕ್ಕೇ ಹೊತ್ತಿಕೊಳ್ಳುತ್ತಿತ್ತು. ಎಣ್ಣೆ ಇಳಿದ ಕೊಬ್ಬಿನ ಚರಟವೇ ಮುಂದಿನ ಸುತ್ತಿಗೆ ಸೌದೆ.

2008ರ ನವೆಂಬರ್‌ನಲ್ಲಿ ಹಡಗನ್ನು ದಡಕ್ಕೆತ್ತಿ ಸುಮಾರು ಐದು ವರ್ಷ ದುರಸ್ತಿ ಮಾಡಿದರು. ಹೆಚ್ಚಿನ ಕೆಲಸ ನೀರಿನ ಮಟ್ಟದಿಂದ ಕೆಳಗೆ. ಮರದ ಹಡಗಿಗೆ ಸಮುದ್ರದ ಉಪ್ಪುನೀರಿಗಿಂತ ಮಳೆನೀರು ದೊಡ್ಡ ಶತ್ರು. ಅದು ಸೋರಿ ನಿಂತಲ್ಲಿ ಶಿಲೀಂಧ್ರ ಹಿಡಿಯುತ್ತದೆ. ಕಬ್ಬಿಣದ ಬೋಲ್ಟ್ ತುಕ್ಕು ಹಿಡಿದರೆ ಸುತ್ತಲಿನ ಓಕ್ ಕೂಡ ಮೆತ್ತಗಾಗುತ್ತದೆ.

ಒಡಲಿನ ಆಕಾರ ಹಿಡಿದಿಡುವ ಬಾಗಿದ ಪಕ್ಕೆಲುಬುಗಳಿಗೆ ಲೈವ್ ಓಕ್ ಎಂಬ ಗಟ್ಟಿ ಮರ ಬೇಕು, ಅದೂ ಹುಟ್ಟಾ ಬಾಗಿದ ಕೊಂಬೆ. ನೇರ ಮರವನ್ನೇ ಬಾಗಾಗಿ ಕೊಯ್ದರೆ ಎಳೆ ತುಂಡಾಗಿ ಅಲ್ಲೇ ಸೀಳುತ್ತದೆ. ಹಾಗಾಗಿ ಕತ್ರೀನಾ ಚಂಡಮಾರುತಕ್ಕೆ ಉರುಳಿದ ಮರಗಳೂ, ಬಾಸ್ಟನ್‌ನ ಹಳೆಯ ನೌಕಾನೆಲೆಯಲ್ಲಿ ಹೂತುಹೋಗಿದ್ದ ದಿಮ್ಮಿಗಳೂ ಇಲ್ಲಿಗೆ ಬಂದವು. ಹೊರ ಹಲಗೆಗಳನ್ನು ಹಬೆಯಲ್ಲಿ ಬೇಯಿಸಿ ಬಗ್ಗಿಸುತ್ತಾರೆ. ಅಂಗುಲ ದಪ್ಪಕ್ಕೆ ಗಂಟೆ ಎಂಬುದು ಬಡಗಿಗಳ ಲೆಕ್ಕ. ಹೊರತೆಗೆದ ಕೆಲವೇ ನಿಮಿಷಗಳಲ್ಲಿ ಹಲಗೆಯನ್ನು ಪಕ್ಕೆಲುಬಿಗೆ ಒತ್ತಿ ಬಿಗಿಯಬೇಕು, ತಣ್ಣಗಾದರೆ ಬಗ್ಗುವುದಿಲ್ಲ. ಹಲಗೆಗಳ ಸಂದಿಗೆ ಮೊದಲು ಹತ್ತಿ, ಆಮೇಲೆ ಟಾರು ಹಚ್ಚಿದ ಸೆಣಬಿನ ನಾರು. ಸಡಿಲ ಬಿಟ್ಟರೆ ಸೋರುತ್ತದೆ. ಅತಿಯಾಗಿ ಜಡಿದರೆ ಹಲಗೆಗಳೇ ಅಗಲಿಕೊಳ್ಳುತ್ತವೆ. ನೀರಿಗಿಳಿದ ಹೊಸತರಲ್ಲಿ ಒಂದಿಷ್ಟು ಸೋರುವುದು ಸಹಜ, ಮರ ಉಬ್ಬಿದ ಮೇಲೆ ನಿಲ್ಲುತ್ತದೆ.

ಇಷ್ಟೆಲ್ಲ ಬದಲಾದ ಮೇಲೂ ಇದು ಹಳೆಯ ಹಡಗೇ? ತಳದ ಬೆನ್ನುಮರ ಈಗಲೂ 1841ರದ್ದೇ. ಅಷ್ಟಲ್ಲದೆ 2014ರಲ್ಲಿ 38ನೇ ಯಾನಕ್ಕೆ ಹೊರಟು, ಮ್ಯಾಸಚೂಸೆಟ್ಸ್ ಕರಾವಳಿಯಾಚೆಯ ಸ್ಟೆಲ್‌ವಾಗನ್ ಬ್ಯಾಂಕ್ ಎಂಬ ಸಮುದ್ರಭಾಗದ ಬಳಿ ತಿಮಿಂಗಿಲಗಳ ನಡುವೆಯೇ ಹಾಯಿಬಿಚ್ಚಿ ಸಾಗಿತು, ಈಟಿಯಿಲ್ಲದೆ. ಪುನಃಸ್ಥಾಪನೆಗೆ ಇದಕ್ಕಿಂತ ಕಠಿಣ ಪರೀಕ್ಷೆ ಬೇಕಿಲ್ಲ.

ತಕರಾರು ಒಂದೇ: ಮೆಟ್ಟಿಲು ಕಡಿದು, ಒಳಗಿನ ಎತ್ತರ ಕಡಿಮೆ. ಮಂಡಿನೋವಿದ್ದವರಿಗೆ ಕೆಳಗಿಳಿಯುವುದು ಕಷ್ಟ. ಇಳಿಯಬಲ್ಲವರು ಹಿಡಿತವಿರುವ ಶೂ ಹಾಕಿಕೊಂಡು, ತಲೆ ತಗ್ಗಿಸಿಕೊಂಡೇ ಹೋಗಿ.