ಹಿತಕಿದ ಅವರೆಯ ರಿಸೊಟ್ಟೊ: ಯಾವ ಅಕ್ಕಿ ಹೊಂದುತ್ತದೆ?

ಡಿಸೆಂಬರ್‌ನಿಂದ ಫೆಬ್ರುವರಿಯವರೆಗೆ ಹಳೇ ಮೈಸೂರು ಸೀಮೆಯ ಅಡುಗೆಮನೆಗಳಲ್ಲಿ ಅವರೆಕಾಯಿಯದೇ ಕಾರುಬಾರು. ವೆನಿಸ್‌ನಲ್ಲಿ ವಸಂತದ ಹಸಿ ಬಟಾಣಿಗೆ ಇಂಥದೇ ಮರ್ಯಾದೆಯಿದೆ: ಏಪ್ರಿಲ್ 25ರ ಸಂತ ಮಾರ್ಕನ ಹಬ್ಬದಂದು ಅಕ್ಕಿ, ಬಟಾಣಿಗಳನ್ನು ಒಟ್ಟಿಗೆ ಬೇಯಿಸಿದ ‘ರೀಸಿ ಎ ಬೀಸಿ’ಯನ್ನು ಅಲ್ಲಿನ ಆಡಳಿತದ ಮುಖ್ಯಸ್ಥನಾದ ಡೋಜನಿಗೆ ಬಡಿಸುವ ಪದ್ಧತಿಯಿತ್ತು. ಬಟಾಣಿಯ ಜಾಗದಲ್ಲಿ ಹಿತಕಿದ ಬೇಳೆಯನ್ನಿಟ್ಟು, ಅಕ್ಕಿಯನ್ನು ರಸದಲ್ಲಿ ಕೆನೆಯಂತಾಗುವ ಹಾಗೆ ಬೇಯಿಸುವ ಇಟಲಿಯ ಖಾದ್ಯವಾದ ರಿಸೊಟ್ಟೊ ಮಾಡುವ ಆಲೋಚನೆ ನನಗೆ ಬಂದದ್ದು ಈ ಸಾಮ್ಯದಿಂದಲೇ. ಕಾಳಿನ ವಿಷಯದಲ್ಲಿ ಗೊಂದಲವಿರಲಿಲ್ಲ. ಅಕ್ಕಿ ಯಾವುದೆಂಬುದೇ ಪ್ರಶ್ನೆಯಾಗಿತ್ತು. ಇಟಲಿಯ ಅರ್ಬೋರಿಯೊ, ಹಾಸನದ ಕಡೆಯ ರಾಜಮುಡಿ ಮತ್ತು ಆ ವರ್ಷದ ಹೊಸ ಸೋನಾ ಮಸೂರಿ, ಈ ಮೂರನ್ನೂ ಒಂದೇ ಕ್ರಮದಲ್ಲಿ ಬೇಯಿಸಿ ನೋಡಿದ್ದೇನೆ.

ಕ್ರಮ ಹೀಗಿದೆ. ರಾತ್ರಿ ನೆನೆಸಿದ ಕಾಳನ್ನು ಹೆಬ್ಬೆರಳು, ತೋರುಬೆರಳುಗಳ ನಡುವೆ ಒತ್ತಿ ಸಿಪ್ಪೆ ಕಳಚಿ, ಬೇಳೆಯನ್ನು ಉಪ್ಪು ಹಾಕಿದ ನೀರಿನಲ್ಲಿ ತೆರೆದ ಪಾತ್ರೆಯಲ್ಲಿಯೇ ಬೇಯಿಸಬೇಕು. ಕುಕ್ಕರಿನಲ್ಲಿ ಅದು ಕರಗಿಹೋಗುತ್ತದೆ. ಬೆಂದ ಬೇಳೆಯಲ್ಲಿ ಒಂದು ಹಿಡಿಯನ್ನು ನುಣ್ಣಗೆ ರುಬ್ಬಿ, ಬಸಿದ ಕಟ್ಟಿಗೆ ಬೆರೆಸಿಟ್ಟುಕೊಂಡರೆ ಅದೇ ರಿಸೊಟ್ಟೊಗೆ ಬೇಕಾದ ರಸ. ಬೆಣ್ಣೆಯಲ್ಲಿ ಈರುಳ್ಳಿಯನ್ನು ಬಣ್ಣ ಬರದಂತೆ ಬಾಡಿಸಿ, ಅಕ್ಕಿಯನ್ನು ಬಿಸಿಯಾಗುವವರೆಗೆ ಹುರಿದು, ಕುದಿಯುವ ಕಟ್ಟನ್ನು ಒಂದೊಂದೇ ಸೌಟು ಹಾಕುತ್ತಾ ಕೈಯಾಡಿಸುತ್ತಿರಬೇಕು. ಒಂದು ಲೋಟ ಅಕ್ಕಿಗೆ ಸುಮಾರು ನಾಲ್ಕು ಲೋಟ ಕಟ್ಟು ಹಿಡಿಸುತ್ತದೆ. ಉಳಿದ ಬೇಳೆಯನ್ನು ಕೊನೆಯಲ್ಲಿ ಸೇರಿಸಬೇಕು.

ಅರ್ಬೋರಿಯೊ ತನ್ನ ಕೆಲಸವನ್ನು ಚೆನ್ನಾಗಿಯೇ ಬಲ್ಲದು. ಇಟಲಿಯ ಪಿಯೆಮೊಂಟೆ ಪ್ರಾಂತ್ಯದ ಊರೊಂದರ ಹೆಸರು ಹೊತ್ತ ಈ ದಪ್ಪ ಕಾಳಿನ ಅಕ್ಕಿಯ ಹೊರಮೈ ಪಿಷ್ಟವು ರಸಕ್ಕೆ ಇಳಿದು ಕೆನೆಯಂತಾಗುತ್ತದೆ, ಒಳಗಿನ ತಿರುಳು ಮಾತ್ರ ಹಲ್ಲಿಗೆ ಸಿಗುವಷ್ಟು ಗಟ್ಟಿಯಾಗಿ ಉಳಿಯುತ್ತದೆ. ಹದಿನೆಂಟು ನಿಮಿಷದ ಹೊತ್ತಿಗೆ ತಟ್ಟೆಯನ್ನು ವಾಲಿಸಿದರೆ ನಿಧಾನವಾಗಿ ಹರಿಯುವ ಹದ ತಾನಾಗಿಯೇ ಬರುತ್ತದೆ. ಆದರೆ ಅನ್ನ ಪೂರ್ತಿ ಬೆಂದಿರಬೇಕೆನ್ನುವ ನಮ್ಮ ಮನೆಯ ಹಿರಿಯರಿಗೆ ಆ ಗಟ್ಟಿ ತಿರುಳು ಹಿಡಿಸಲಿಲ್ಲ. ಬೆಲೆಯೂ ಊರಿನ ಅಕ್ಕಿಯ ಹಲವು ಪಟ್ಟು.

ರಾಜಮುಡಿಯ ಬಗ್ಗೆ ಹೆಚ್ಚು ಹೇಳಬೇಕಾದ್ದಿಲ್ಲ. ಕೆಂಪು ತೌಡು ಉಳಿದಿರುವ ಅಕ್ಕಿಯಾದ್ದರಿಂದ ಪಿಷ್ಟ ಸುಲಭವಾಗಿ ಹೊರಬರುವುದಿಲ್ಲ, ಬೇಯುವುದೂ ತಡ. ಅದರ ಪರಿಮಳ ಅವರೆಯ ಸೊಗಡಿನೊಂದಿಗೆ ಸೊಗಸಾಗಿ ಸೇರಿತು, ನಿಜ. ಆದರೆ ತಟ್ಟೆಯಲ್ಲಿ ಬಂದದ್ದು ರಿಸೊಟ್ಟೊ ಅಲ್ಲ, ಒಳ್ಳೆಯ ಅವರೆಕಾಳಿನ ಬಾತು.

ನನ್ನ ಮತ ಹೊಸ ಸೋನಾ ಮಸೂರಿಗೆ. ಅಂಗಡಿಯವರು ಹಳೆಯ ಅಕ್ಕಿಗೆ ಹೆಚ್ಚು ಬೆಲೆ ಹೇಳುವುದಕ್ಕೆ ಕಾರಣವಿದೆ: ದಾಸ್ತಾನಿನಲ್ಲಿ ತಿಂಗಳುಗಟ್ಟಲೆ ಕಳೆದ ಅಕ್ಕಿ ಉದುರುದುರಾಗಿ ಅರಳುತ್ತದೆ, ಹೊಸ ಅಕ್ಕಿ ಅಂಟಂಟಾಗಿ ಮುದ್ದೆಯಾಗುತ್ತದೆ. ಊಟದ ಅನ್ನಕ್ಕೆ ಇದು ದೋಷವಾದರೂ ಸಂಕ್ರಾಂತಿಯ ಹುಗ್ಗಿಗೆ ಗುಣ, ರಿಸೊಟ್ಟೊಗೂ ಗುಣವೇ. ತುಂಗಭದ್ರಾ ಅಚ್ಚುಕಟ್ಟಿನ ಮುಂಗಾರು ಭತ್ತ ಕೊಯ್ಲಾಗಿ ಗಿರಣಿಗೆ ಬರುವುದೂ ಅವರೆ ಮಾರುಕಟ್ಟೆಗೆ ಬರುವುದೂ ಹೆಚ್ಚುಕಡಿಮೆ ಒಂದೇ ಕಾಲದಲ್ಲಿ ಆಗುವುದರಿಂದ, ಈ ಎರಡನ್ನು ಹೊಂದಿಸಲು ಪರದಾಡಬೇಕಾಗಿಲ್ಲ. ಇಟಲಿಯವರು ಪಿಷ್ಟ ಹೋದೀತೆಂದು ರಿಸೊಟ್ಟೊ ಅಕ್ಕಿಯನ್ನು ತೊಳೆಯುವುದಿಲ್ಲ. ತೊಳೆಯದ ಅಕ್ಕಿಯನ್ನು ಒಲೆಯ ಮೇಲಿಡಲು ನಮ್ಮ ಮನಸ್ಸು ಒಪ್ಪುವುದಿಲ್ಲವಾದ್ದರಿಂದ ಒಂದೇ ನೀರಿನಲ್ಲಿ ತೊಳೆದು, ಬಟ್ಟೆಯ ಮೇಲೆ ಆರಿಸಿಕೊಂಡರೆ ಸಾಕು, ಹೊಸ ಅಕ್ಕಿಯಲ್ಲಿ ಅಂಟಿಗೇನೂ ಕೊರತೆಯಾಗದು. ಕಾಳು ಸಣ್ಣದಾದ್ದರಿಂದ ಹನ್ನೆರಡನೆಯ ನಿಮಿಷದಿಂದಲೇ ರುಚಿ ನೋಡುತ್ತಿರಬೇಕು. ಎರಡು ನಿಮಿಷ ಮೀರಿದರೆ ಅದು ಹುಗ್ಗಿಯೇ ಆಗುತ್ತದೆ.

ಕೊನೆಯಲ್ಲಿ ಬೆರೆಸುವ ಜಿಡ್ಡಿನ ವಿಷಯದಲ್ಲಿಯೂ ಎರಡು ದಾರಿಗಳಿವೆ. ಒಲೆಯಿಂದ ಇಳಿಸಿದ ಮೇಲೆ ತಣ್ಣನೆಯ ಬೆಣ್ಣೆ ಮತ್ತು ತುರಿದ ಪಾರ್ಮಿಜಾನೊ ರೆಜ್ಜಾನೊ ಚೀಸನ್ನು ಹಾಕಿ ಬಡಿಯುವುದು ಇಟಲಿಯ ರೀತಿ. ಕನಿಷ್ಠ 12 ತಿಂಗಳು ಮಾಗಿದ ಆ ಚೀಸಿನ ಉಪ್ಪು ಮತ್ತು ತೀಕ್ಷ್ಣತೆಯ ಮುಂದೆ ಅವರೆಯ ಸೊಗಡು ಪೂರ್ತಿ ಅಡಗಿಹೋಗುತ್ತದೆ. ಸೊಗಡಿಲ್ಲದ ಮೇಲೆ ಬೆರಳು ನೋಯುವಂತೆ ಬೇಳೆ ಹಿತಕಿದ್ದೇಕೆ? ಮೇಲಾಗಿ ಅದನ್ನು ಕರುವಿನ ಜಠರದಿಂದ ತೆಗೆದ ರೆನೆಟ್‌ನಿಂದ ಹೆಪ್ಪುಗಟ್ಟಿಸುವುದರಿಂದ ಸಸ್ಯಾಹಾರಿಗಳ ಮನೆಗೆ ಸಲ್ಲದು. ತೆಂಗಿನ ಗಟ್ಟಿ ಹಾಲನ್ನೂ ಪರೀಕ್ಷಿಸಿದೆ. ಅದು ರುಚಿಯನ್ನು ಸಿಹಿಯತ್ತ ಎಳೆದು ಸಾಗುವಿನ ನೆನಪು ತರುತ್ತದೆ. ತಣ್ಣನೆಯ ಬೆಣ್ಣೆಯ ಜೊತೆಗೆ ಸಸ್ಯಜನ್ಯ ಅಥವಾ ಸೂಕ್ಷ್ಮಾಣುಜನ್ಯ ರೆನೆಟ್ ಬಳಸಿದ ಗಟ್ಟಿ ಚೀಸನ್ನು ಒಂದು ಚಮಚದಷ್ಟೇ ಸೇರಿಸಿದಾಗ ಕೆನೆಯೂ ಸೊಗಡೂ ಎರಡೂ ಉಳಿದವು.

ಹುಳಿಗೆ ಬಿಳಿ ವೈನ್ ಬದಲು ನಿಂಬೆರಸ ಸಾಕು, ಆದರೆ ಇಳಿಸಿದ ನಂತರವೇ ಹಿಂಡಬೇಕು. ಖಾರಕ್ಕೆ ಸಾರಿನ ಪುಡಿ ಬೇಡ. ಈರುಳ್ಳಿಯೊಂದಿಗೆ ಬಾಡಿಸಿದ ಹಸಿಮೆಣಸಿನಕಾಯಿ ಒಂದು, ಮೇಲೆ ಸ್ವಲ್ಪ ಸಬ್ಬಸಿಗೆ ಸೊಪ್ಪು. ಅತಿಥಿಗಳು ಊಟಕ್ಕೆ ಕುಳಿತ ಮೇಲೆಯೇ ಕೊನೆಯ ಸೌಟು ಕಟ್ಟನ್ನು ಹಾಕುವುದು ಒಳ್ಳೆಯದು, ಏಕೆಂದರೆ ಹೊಸ ಅಕ್ಕಿಯ ರಿಸೊಟ್ಟೊ ಅರ್ಬೋರಿಯೊಗಿಂತ ಬೇಗ ಗಟ್ಟಿಯಾಗುತ್ತದೆ.