ಬಂಗಾರಪೇಟೆ ರೈಲಲ್ಲಿ ಎರಡು ಸಂಕಲನ

ಬಂಗಾರಪೇಟೆಯಿಂದ ಬೆಂಗಳೂರಿಗೆ ದಿನಾ ರೈಲಲ್ಲಿ ಓಡಾಡುವವಳು ನಾನು. ಸೀಟು ಸಿಗದಿದ್ದರೂ ಪರವಾಗಿಲ್ಲ, ಕಿವಿಗೆ ಹಾಡು ಬೇಕು. ಕಳೆದ ತಿಂಗಳು ಎರಡು ಸ್ವತಂತ್ರ ಲೇಬಲ್‌ಗಳ, ಅಂದರೆ ಹಾಡು ಹೊರತರುವ ಸಣ್ಣ ಕಂಪನಿಗಳ, ಸಂಕಲನಗಳನ್ನು ವಾರಕ್ಕೊಂದರಂತೆ ಕೇಳಿದೆ. ಲೇಬಲ್ಲಿನ ಹಲವರ ಹಾಡು ಒಂದೇ ಕಡೆ ಸೇರಿಸಿದ ಆಲ್ಬಮ್‌ಗಳು ಇವು. ಒಂದು, ಸಿಯಾಟಲ್‌ನ ಸಬ್ ಪಾಪ್ 1988ರಲ್ಲಿ ತಂದ 'ಸಬ್ ಪಾಪ್ 200'. ಇನ್ನೊಂದು, ಲಂಡನ್ನಿನ ಚೆರ್ರಿ ರೆಡ್ 1982ರಲ್ಲಿ ತಂದ 'ಪಿಲೋಸ್ ಅಂಡ್ ಪ್ರೇಯರ್ಸ್'.

ನಮ್ಮಲ್ಲಿ ಯಾರ್ಯಾರಿದ್ದಾರೆ, ಕೇಳಿ ನೋಡಿ ಅಂತ ಲೇಬಲ್‌ನವರು ಹೇಳೋದಕ್ಕೇ ಅಲ್ವಾ ಇಂಥ ಸಂಕಲನ ಇರುವುದು? ಹಾಗಾಗಿ ನನ್ನ ಅಳತೆ ಒಂದೇ. ಹಾಡು ಮುಗಿದ ಮೇಲೆ ಅವರದೇ ಇನ್ನೊಂದು ಹಾಡು ಹುಡುಕಬೇಕು ಅನ್ನಿಸಬೇಕು.

ಸಬ್ ಪಾಪ್‌ನದ್ದು 20 ಹಾಡು. ನಿರ್ವಾಣ, ಸೌಂಡ್‌ಗಾರ್ಡನ್, ಮಡ್‌ಹನಿ ಅನ್ನುವ ರಾಕ್ ತಂಡದವರೆಲ್ಲ ಇದ್ದಾರೆ. ನಿರ್ವಾಣ ಲೋಕಕ್ಕೆಲ್ಲ ಗೊತ್ತಾಗಿದ್ದು 1991ರಲ್ಲಿ. ಇಲ್ಲಿ ಅವರು ಇಪ್ಪತ್ತರಲ್ಲಿ ಒಬ್ಬರು, ಅಷ್ಟೇ. ತಮಟೆ ಕೇಳಿ ಬೆಳೆದ ಕಿವಿ ನನ್ನದು, ಜೋರು ಸದ್ದಿಗೆ ಹೆದರಲ್ಲ. ಮೊದಲ ಹಾಡಲ್ಲೇ ಟ್ಯಾಡ್ ತಂಡದ ಗಿಟಾರು ರೈಲಿನ ಗಡಗಡ ಸದ್ದನ್ನು ಮುಚ್ಚಿಹಾಕಿತು. ಆದರೆ ಮಾಲೂರು ದಾಟುವಷ್ಟರಲ್ಲಿ ಯಾವ ತಂಡ ಯಾವುದು ಅಂತ ತಿಳಿಯದಾಯಿತು. ತುಂಬಾ ಗಿಟಾರುಗಳು ಒಂದೇ ಥರ ಗರಗರ ಅನ್ನುತ್ತವೆ. ನಡುವೆ ಕವಿ ಸ್ಟೀವನ್ ಜೆಸ್ಸಿ ಬರ್ನ್‌ಸ್ಟೈನ್ ಬರುತ್ತಾರೆ. ಹಾಡಲ್ಲ, ಬರೀ ಮಾತು. ಅದನ್ನು ಮಾತ್ರ ಮೂರು ಸಲ ಹಾಕಿಕೊಂಡೆ.

ಚೆರ್ರಿ ರೆಡ್‌ನವರು ತಮ್ಮ 17 ಹಾಡುಗಳ ಎಲ್‌ಪಿಯನ್ನು (ಗ್ರಾಮಫೋನ್ ತಟ್ಟೆ) 99 ಪೆನ್ಸ್‌ಗೆ, ಅಂದರೆ ಒಂದು ಪೌಂಡಿಗೂ ಕಡಿಮೆಗೆ, ಮಾರಿದ್ದರು. ಯಾರು ಬೇಕಾದರೂ ಕೊಳ್ಳಲಿ ಅನ್ನುವ ಆ ಮನಸ್ಸೇ ನನಗೆ ಇಷ್ಟವಾಯಿತು. ಆದರೆ ರೈಲಲ್ಲಿ ಸೋತಿತು. ದನಿ ತೀರಾ ಮೆಲ್ಲಗೆ. ವೈಟ್‌ಫೀಲ್ಡ್‌ನಲ್ಲಿ ಗದ್ದಲ ಜಾಸ್ತಿಯಾದ ಮೇಲೆ ಏನೂ ಕೇಳಿಸಲಿಲ್ಲ.

ಭಾನುವಾರ ಸಂಜೆ ತಾರಸಿ ಮೇಲೆ ಕೂತು ಮತ್ತೆ ಹಾಕಿದೆ. ಆಗ ಗೊತ್ತಾಯಿತು. ಹಾಡುಗಾರ್ತಿ ಟ್ರೇಸಿ ಥಾರ್ನ್ ಇದರಲ್ಲಿ ಮೂರು ಸಲ ಬರುತ್ತಾರೆ. ಮರೀನ್ ಗರ್ಲ್ಸ್ ತಂಡದಲ್ಲಿ ಒಮ್ಮೆ, ಒಬ್ಬರೇ ಒಮ್ಮೆ, ಬೆನ್ ವಾಟ್ ಜೊತೆ 'ಎವ್ರಿಥಿಂಗ್ ಬಟ್ ದ ಗರ್ಲ್' ಆಗಿ ಇನ್ನೊಮ್ಮೆ. ಬೆನ್ ವಾಟ್ ಒಬ್ಬರೇ ಹಾಡಿದ್ದೂ ಇದೆ. ಇಂಗ್ಲೆಂಡಿನ ಹಲ್ ಊರಿನ ವಿಶ್ವವಿದ್ಯಾಲಯಕ್ಕೆ ಓದಲು ಹೋಗಿ ಜೊತೆಯಾದವರು ಇಬ್ಬರೂ. ಗೆಳತಿಯರ ಜೊತೆ ಹಾಡುವಾಗಿನ ಹುಡುಗಾಟ, ಒಬ್ಬಳೇ ಇರುವಾಗ ದನಿಗೆ ಬರುವ ಭಾರ, ಆಮೇಲೆ ಜೊತೆಗಾರ ಸಿಕ್ಕ ನಿರಾಳ. ಒಂದೇ ದನಿಯಲ್ಲಿ ಇಷ್ಟೂ ಕೇಳಿಸಿತು. ಸುಮ್ನೆ ಹಾಡು ಜೋಡಿಸಿದ್ದಲ್ಲ ಇದು, ಒಬ್ಬರಿಗೊಬ್ಬರು ಗೊತ್ತಿರುವವರ ಮನೆಯೊಳಗೆ ಕರೆದುಕೊಂಡು ಹೋದ ಹಾಗಿತ್ತು.

ರೈಲಿಗೆ ಒಂದೇ ಬೇಕು ಅಂದರೆ ಸಬ್ ಪಾಪ್ ಹಾಕಿಕೊಳ್ಳಿ. ನನ್ನ ಅಳತೆಯಲ್ಲಿ ಮಾತ್ರ ಚೆರ್ರಿ ರೆಡ್ ಬಹಳ ಮುಂದೆ. ಸಬ್ ಪಾಪ್‌ನಿಂದ ಬರ್ನ್‌ಸ್ಟೈನ್ ಒಬ್ಬರನ್ನೇ ಹುಡುಕಿದೆ. ಚೆರ್ರಿ ರೆಡ್‌ನಿಂದ ಮರೀನ್ ಗರ್ಲ್ಸ್, ಬೆನ್ ವಾಟ್, ಇದೇ ಸಂಕಲನದಲ್ಲಿರುವ ಫೆಲ್ಟ್ ತಂಡ, ಮೂವರ ಹಾಡೂ ಫೋನಿಗೆ ಬಂದಿವೆ. ಕಂಟೋನ್ಮೆಂಟ್‌ನಲ್ಲಿ ಇಳಿದು ಆಫೀಸಿಗೆ ನಡೆಯುವ ಹದಿನೈದು ನಿಮಿಷ ಈಗ ಫೆಲ್ಟ್‌ನದ್ದು.