ಚೀನೀ ರೆಫರೆನ್ಸ್ ಪಟ್ಟಿಗೆ ಯಾವುದು ಒಳ್ಳೆಯದು? ಝೊಟೆರೊ, ನೋಟ್‌ಎಕ್ಸ್‌ಪ್ರೆಸ್, ಲೇಟೆಕ್ ಮೂರನ್ನೂ ಬಳಸಿ ನೋಡಿದೆ

ವೂಹಾನ್‌ನಲ್ಲಿ ಪಿಎಚ್‌ಡಿ ಮಾಡುತ್ತಿದ್ದೇನೆ. ಥೀಸಿಸ್‌ನ ರೆಫರೆನ್ಸ್ ಪಟ್ಟಿ ಚೀನಾದ ರಾಷ್ಟ್ರೀಯ ಮಾನದಂಡ ಜಿಬಿ/ಟಿ 7714-2015ರ ಪ್ರಕಾರವೇ ಇರಬೇಕು. ಪುಸ್ತಕಕ್ಕೆ ಎಂ, ಜರ್ನಲ್ ಲೇಖನಕ್ಕೆ ಜೆ, ಥೀಸಿಸ್‌ಗೆ ಡಿ ಅಂತ ಚೌಕ ಕಂಸದಲ್ಲಿ ಹಾಕುವುದು ಇಲ್ಲಿನ ಪದ್ಧತಿ. ಝೊಟೆರೊ, ನೋಟ್‌ಎಕ್ಸ್‌ಪ್ರೆಸ್ ಎರಡೂ ರೆಫರೆನ್ಸ್ ಕೂಡಿಟ್ಟು ಪಟ್ಟಿ ಮಾಡಿಕೊಡುವ ತಂತ್ರಾಂಶಗಳು; ಲೇಟೆಕ್ ಇಡೀ ಥೀಸಿಸ್ಸನ್ನೇ ಕೋಡ್‌ನಂತೆ ಬರೆದು ಪುಟ ಜೋಡಿಸುವ ವ್ಯವಸ್ಥೆ. ಈ ಗುರುತನ್ನು ಮೂರೂ ಸರಿಯಾಗಿ ಹಾಕುತ್ತವೆ.

ತೊಡಕು ಬರುವುದು ಲೇಖಕರು ಮೂರಕ್ಕಿಂತ ಜಾಸ್ತಿ ಇದ್ದಾಗ. ಮೊದಲ ಮೂವರ ಹೆಸರು ಕೊಟ್ಟು, ‘ಮತ್ತಿತರರು’ ಅನ್ನಲು ಚೀನೀ ಲೇಖನಕ್ಕೆ ‘ದಂಗ್’ ಅನ್ನುವ ಅಕ್ಷರ, ಇಂಗ್ಲಿಷ್ ಲೇಖನಕ್ಕೆ ‘ಎಟ್ ಆಲ್’ ಬರಬೇಕು, ಅದೂ ಒಂದೇ ಪಟ್ಟಿಯೊಳಗೆ. ಯಾವ ಲೇಖನ ಯಾವ ಭಾಷೆಯದ್ದು ಅಂತ ತಂತ್ರಾಂಶಕ್ಕೆ ಗೊತ್ತಿಲ್ಲದಿದ್ದರೆ ಎಲ್ಲಾ ಕಲಸುಮೇಲೋಗರ.

ಝೊಟೆರೊ ಉಚಿತ, ವರ್ಡ್ ಜೊತೆ ಚೆನ್ನಾಗಿ ಹೊಂದುತ್ತದೆ. ಆದರೆ ಅದರ ಮಾಮೂಲಿ ಶೈಲಿಗಳು ಇಡೀ ಪಟ್ಟಿಗೆ ಒಂದೇ ಭಾಷೆ ಅಂತ ಹಿಡಿಯುತ್ತವೆ. ಚೀನೀ ಬಳಕೆದಾರರೇ ಮಾಡಿಕೊಂಡ ದ್ವಿಭಾಷಾ ಶೈಲಿ ಹಾಕಿದರೆ ಸರಿಹೋಗುತ್ತದೆ, ಒಂದು ಷರತ್ತು ಮಾತ್ರ: ಪ್ರತಿ ನಮೂದಿನಲ್ಲೂ ಭಾಷೆಯ ಖಾನೆ ತುಂಬಿರಬೇಕು. ನಾನು ತುಂಬಿರಲಿಲ್ಲ, ಆಮೇಲೆ ಒಂದು ಸಂಜೆ ಪೂರ್ತಿ ಕೂತು ಒಂದೊಂದಾಗಿ ತುಂಬಿದೆ. ಜೊತೆಗೆ ಜಾಸ್ಮಿನಮ್ ಪ್ಲಗಿನ್ ಹಾಕಿಕೊಳ್ಳಿ (ನಮ್ಮ ಮಲ್ಲಿಗೆಯ ಸಸ್ಯಶಾಸ್ತ್ರದ ಹೆಸರು ಅದೇ ಅಲ್ವಾ, ನೋಡಿ ಖುಷಿಯಾಯಿತು). ಚೀನೀ ಲೇಖನಗಳ ಆನ್‌ಲೈನ್ ಭಂಡಾರವಾದ ಸಿಎನ್‌ಕೆಐನಿಂದ ಇಳಿಸಿದ ಪಿಡಿಎಫ್‌ಗಳ ಲೇಖಕರು, ವರ್ಷ, ಸಂಚಿಕೆ ಎಲ್ಲವನ್ನೂ ಅದು ಹುಡುಕಿ ತರುತ್ತದೆ. ಫೈಲಿನ ಹೆಸರು ನೋಡಿಯೇ ಹುಡುಕುವುದರಿಂದ ಇಳಿಸಿದ ತಕ್ಷಣ ಹೆಸರು ಬದಲಿಸಬೇಡಿ.

ನೋಟ್‌ಎಕ್ಸ್‌ಪ್ರೆಸ್ ಚೀನಾದಲ್ಲೇ ಹುಟ್ಟಿದ್ದು. ಎರಡು ಭಾಷೆಗೆ ಎರಡು ರೂಪ ಕೊಡುವುದು ಅದರೊಳಗೇ ಇದೆ. ನಿಮ್ಮ ವಿಶ್ವವಿದ್ಯಾಲಯ ಲೈಸೆನ್ಸ್ ಕೊಂಡಿದ್ದು, ನಿಮಗೆ ಚೀನೀ ಓದಲು ಬಂದರೆ ಇದೇ ಸಾಕು. ನನ್ನ ಚೀನೀ ಇನ್ನೂ ನಿಧಾನ, ಹಾಗಾಗಿ ಬಿಟ್ಟೆ.

ಪಟ್ಟಿ ಅತಿ ಚೊಕ್ಕಟವಾಗಿ ಬಂದದ್ದು ಲೇಟೆಕ್‌ನಲ್ಲಿ. ಅದರಲ್ಲಿ ರೆಫರೆನ್ಸ್ ಪಟ್ಟಿ ಮಾಡಿಕೊಡುವ ಬಿಬ್‌ಲೇಟೆಕ್‌ಗೆ ಈ ಮಾನದಂಡದ್ದೇ ಒಂದು ಪ್ಯಾಕೇಜ್ ಇದೆ. ಅಕ್ಷರ ನೋಡಿಯೇ ಭಾಷೆ ಗುರುತಿಸುತ್ತದೆ, ನಾವು ಏನೂ ತುಂಬಬೇಕಿಲ್ಲ. ಇಂಗ್ಲಿಷ್ ಲೇಖಕರ ಮನೆಹೆಸರನ್ನು ದೊಡ್ಡಕ್ಷರಕ್ಕೆ ತಿರುಗಿಸುವುದನ್ನೂ ಅದೇ ನೋಡಿಕೊಳ್ಳುತ್ತದೆ. ಸಂಖ್ಯೆಯ ಕ್ರಮದಿಂದ ಲೇಖಕ-ವರ್ಷದ ಕ್ರಮಕ್ಕೆ ಹೋಗಬೇಕಾದರೆ ಶೈಲಿಯ ಹೆಸರಿನ ಕೊನೆಗೆ ಎರಡಕ್ಷರ ಸೇರಿಸಿದರೆ ಮುಗಿಯಿತು.

ಗಣಿತ, ಭೌತಶಾಸ್ತ್ರದವರು ಯೋಚನೆ ಮಾಡದೆ ಲೇಟೆಕ್ ಹಿಡಿಯಿರಿ. ನನ್ನ ಗೈಡ್ ತಿದ್ದುವುದು ವರ್ಡ್ ಫೈಲಿನಲ್ಲೇ, ಅದಕ್ಕೆ ನಾನು ಝೊಟೆರೊದಲ್ಲೇ ಉಳಿದೆ. ಈಗ ಹೊಸ ಲೇಖನ ಸೇರಿಸಿದ ಕೂಡಲೇ ಮೊದಲು ಭಾಷೆಯ ಖಾನೆ ತುಂಬುತ್ತೇನೆ.